ಎಂಟು ಬೆರಳುಗಳ ನಗೆಗಾರ: ಹೆರಾಲ್ಡ್ ಲಾಯ್ಡ್

ಮೂಕಿ ಸಿನಿಮಾ ಎಂದೊಡನೆ ನಮ್ಮಲ್ಲಿ ಹೆಚ್ಚಿನವರಿಗೆ ನೆನಪಾಗುವುದು ಚಾರ್ಲಿ ಚಾಪ್ಲಿನ್. ಆದರೆ 1920ರ ದಶಕದಲ್ಲಿ ಚಾಪ್ಲಿನ್ ಅವರಷ್ಟೇ ಜನರನ್ನು ಚಿತ್ರಮಂದಿರಕ್ಕೆ ಎಳೆದು ತರುತ್ತಿದ್ದ ಇನ್ನೊಬ್ಬ ನಟ ಅಮೆರಿಕದಲ್ಲಿದ್ದರು. ಅವರ ಹೆಸರು ಕೇಳದವರೂ ಅವರ ಒಂದು ಚಿತ್ರವನ್ನು ಎಲ್ಲಾದರೂ ನೋಡಿರುತ್ತಾರೆ. ಎತ್ತರದ ಕಟ್ಟಡವೊಂದರ ಗೋಡೆಯ ಮೇಲೆ ದೊಡ್ಡ ಗಡಿಯಾರ. ಅದರ ಮುಳ್ಳನ್ನು ಹಿಡಿದು ನೇತಾಡುತ್ತಿರುವ ಕನ್ನಡಕದ ಯುವಕ. ಕೆಳಗೆ ಇರುವೆಗಳಂತೆ ಕಾಣುವ ಕಾರುಗಳು. ಆತನೇ ಹೆರಾಲ್ಡ್ ಲಾಯ್ಡ್.

ಆ ಚಿತ್ರವನ್ನು ನೂರು ವರ್ಷಗಳಿಂದ ಜನ ನೋಡುತ್ತಿದ್ದಾರೆ. ಗಡಿಯಾರದ ಮುಳ್ಳು ಹಿಡಿದ ಆ ಮನುಷ್ಯನ ಬಲಗೈಯಲ್ಲಿ ನಿಜವಾಗಿ ಇದ್ದದ್ದು ಮೂರೇ ಬೆರಳು ಎನ್ನುವುದು ಅವರಲ್ಲಿ ಎಷ್ಟೋ ಜನರಿಗೆ ತಿಳಿಯುವುದಿಲ್ಲ. ತಿಳಿಯಬಾರದು ಎಂದೇ ಲಾಯ್ಡ್ ಅವರ ಇಚ್ಛೆಯಾಗಿತ್ತು. ಹೆದರುಪುಕ್ಕಲ ಹುಡುಗನೊಬ್ಬ ಧೈರ್ಯ ತಂದುಕೊಂಡು ಊರಿನ ಮುಂದೆ ತಲೆಯೆತ್ತಿ ನಿಲ್ಲುವ ಕಥೆಯನ್ನು ಅವರು ಮತ್ತೆ ಮತ್ತೆ ಸಿನಿಮಾ ಮಾಡಿದರು. ಅದರಲ್ಲಿ ಮೊದಲನೆಯದು 1922ರ 'ಗ್ರ್ಯಾಂಡ್‌ಮಾಸ್ ಬಾಯ್', ಅಂದರೆ ಅಜ್ಜಿಯ ಮೊಮ್ಮಗ. ಈ ಲೇಖನ ಮುಖ್ಯವಾಗಿ ಆ ಸಿನಿಮಾದ ಬಗ್ಗೆ, ಮತ್ತು ಅದಕ್ಕೆ ಮೂರು ವರ್ಷ ಮೊದಲು ಒಂದು ಭಾನುವಾರ ನಡೆದುಹೋದ ಘಟನೆಯ ಬಗ್ಗೆ.

ಹೆರಾಲ್ಡ್ ಲಾಯ್ಡ್ ಹುಟ್ಟಿದ್ದು 1893ರ ಏಪ್ರಿಲ್ 20ರಂದು, ಅಮೆರಿಕದ ನೆಬ್ರಾಸ್ಕ ರಾಜ್ಯದ ಬರ್ಚರ್ಡ್ ಎಂಬ ಸಣ್ಣ ಊರಿನಲ್ಲಿ. ತಂದೆ ಒಂದು ಉದ್ಯೋಗದಲ್ಲಿ ನೆಲೆ ನಿಂತವರಲ್ಲ. ಒಂದು ವ್ಯಾಪಾರ ಕೈಕೊಟ್ಟರೆ ಇನ್ನೊಂದು, ಒಂದು ಊರು ಬೇಸರವಾದರೆ ಮತ್ತೊಂದು ಊರು. ಹೀಗೆ ನೆಬ್ರಾಸ್ಕದಿಂದ ಕೊಲರಾಡೊ, ಅಲ್ಲಿಂದ ಮತ್ತೆ ನೆಬ್ರಾಸ್ಕ ಎಂದು ಸಂಸಾರ ಅಲೆಯಿತು. 1910ರಲ್ಲಿ ತಂದೆ ತಾಯಿ ಬೇರೆಯಾದರು. ಹುಡುಗನಿಗೆ ನಾಟಕದ ಹುಚ್ಚು ಚಿಕ್ಕಂದಿನಿಂದಲೇ ಹತ್ತಿತ್ತು. ಒಮಾಹ ನಗರದ ನಾಟಕ ಕಂಪನಿಯಲ್ಲಿ ಮುಖ್ಯ ಪಾತ್ರ ಮಾಡುತ್ತಿದ್ದ ಜಾನ್ ಲೇನ್ ಓಕಾನರ್ ಎಂಬ ನಟ ಲಾಯ್ಡ್ ಕುಟುಂಬದ ಮನೆಯಲ್ಲಿ ಬಾಡಿಗೆಗೆ ಬಂದು ಉಳಿದದ್ದು ಅವನ ಅದೃಷ್ಟವಾಯಿತು. ಅವರ ಸಹಾಯದಿಂದ ಸಣ್ಣ ಪುಟ್ಟ ಪಾತ್ರಗಳು ಸಿಕ್ಕವು.

ಒಮ್ಮೆ ತಂದೆಗೆ ಗಾಡಿಯೊಂದು ಬಡಿದು ಗಾಯವಾಯಿತು. ಪರಿಹಾರವಾಗಿ ಒಂದಷ್ಟು ದುಡ್ಡು ಕೈಗೆ ಬಂತು. ಆ ದುಡ್ಡಿನಲ್ಲಿ ಎಲ್ಲಿಗೆ ಹೋಗುವುದು ಎಂಬುದನ್ನು ತಂದೆ ಮಗ ನಾಣ್ಯ ಚಿಮ್ಮಿ ತೀರ್ಮಾನಿಸಿದರು ಎಂದು ಲಾಯ್ಡ್ ಮುಂದೆ ಹೇಳಿಕೊಂಡಿದ್ದಾರೆ. ನಾಣ್ಯ ಪಶ್ಚಿಮದ ಕಡೆ ಬಿತ್ತು. ಕ್ಯಾಲಿಫೋರ್ನಿಯಾದ ಸ್ಯಾನ್ ಡಿಯಾಗೋದಲ್ಲಿ ಓಕಾನರ್ ಆಗ ನಟನೆ ಕಲಿಸುವ ಶಾಲೆ ನಡೆಸುತ್ತಿದ್ದರು. ನಾಣ್ಯ ಇನ್ನೊಂದು ಮಗ್ಗುಲಿಗೆ ಬಿದ್ದಿದ್ದರೆ ಈ ಲೇಖನವೇ ಇರುತ್ತಿರಲಿಲ್ಲವೇನೋ.

ಅದು ಸಿನಿಮಾ ಹೊಸದಾಗಿ ಕಣ್ಣು ಬಿಡುತ್ತಿದ್ದ ಕಾಲ. ನಮ್ಮ ದೇಶದಲ್ಲಿ ದಾದಾಸಾಹೇಬ್ ಫಾಲ್ಕೆ ಅವರ 'ರಾಜಾ ಹರಿಶ್ಚಂದ್ರ' ತೆರೆ ಕಂಡ 1913ರ ಸುಮಾರಿಗೇ ಅಲ್ಲಿ ಲಾಯ್ಡ್ ಕೂಡ ಮೊದಲ ಬಾರಿ ತೆರೆಯ ಮೇಲೆ ಸುಳಿದರು, ಅದೂ ಗುಂಪಿನಲ್ಲಿ ಒಬ್ಬರಾಗಿ. ಬಳಿಕ ಲಾಸ್ ಏಂಜಲಿಸ್‌ಗೆ ಬಂದರು. ಅಲ್ಲಿ ಯೂನಿವರ್ಸಲ್ ಸ್ಟುಡಿಯೋದ ಗೇಟಿನ ಕಾವಲುಗಾರ ಹೊಸಬರನ್ನು ಒಳಗೆ ಬಿಡುತ್ತಿರಲಿಲ್ಲ. ಲಾಯ್ಡ್ ಗೇಟಿನ ಹೊರಗೆ ನಿಂತು ಗಮನಿಸಿದರು. ಮಧ್ಯಾಹ್ನ ಊಟಕ್ಕೆ ಹೊರಬಂದ ನಟರು ಮುಖದ ಬಣ್ಣ ಅಳಿಸದೆ ವಾಪಸು ಹೋಗುತ್ತಿದ್ದರು. ಬಣ್ಣ ಇದ್ದವರನ್ನು ಕಾವಲುಗಾರ ತಡೆಯುತ್ತಿರಲಿಲ್ಲ. ಮರುದಿನ ಲಾಯ್ಡ್ ತಾವೂ ಮುಖಕ್ಕೆ ಬಣ್ಣ ಹಚ್ಚಿಕೊಂಡು ಆ ಗುಂಪಿನ ಜೊತೆ ಒಳಗೆ ನಡೆದೇಬಿಟ್ಟರು. ಹೆದರುಪುಕ್ಕಲನ ಪಾತ್ರಕ್ಕೆ ಹೆಸರಾದವರ ಧೈರ್ಯ ಇಷ್ಟಿತ್ತು!

ಸ್ಟುಡಿಯೋದೊಳಗೆ ಅವರಂತೆಯೇ ದಿನಗೂಲಿಗೆ ನಟಿಸುತ್ತಿದ್ದ ಹ್ಯಾಲ್ ರೋಚ್ ಎಂಬ ಯುವಕನ ಸ್ನೇಹವಾಯಿತು. ರೋಚ್‌ಗೆ ಸ್ವಲ್ಪ ಆಸ್ತಿಯ ಹಣ ಬಂದಾಗ ಸ್ವಂತ ಕಂಪನಿ ಕಟ್ಟಿ ಲಾಯ್ಡ್ ಅವರನ್ನು ಹಾಸ್ಯನಟನನ್ನಾಗಿ ಮಾಡಿದರು. 1915ರಿಂದ ಲಾಯ್ಡ್ 'ಲೋನ್ಸಮ್ ಲ್ಯೂಕ್' ಎಂಬ ಪಾತ್ರದಲ್ಲಿ ಸಾಲು ಸಾಲು ಕಿರುಚಿತ್ರ ಮಾಡಿದರು. ಈ ಲ್ಯೂಕ್ ಯಾರೆಂದರೆ ಚಾಪ್ಲಿನ್ ಅವರನ್ನು ತಿರುವಿ ಹಾಕಿದ ಹಾಗೆ. ಅವರದು ದೊಗಲೆ ಪ್ಯಾಂಟು, ಇವರದು ಬಿಗಿ ಪ್ಯಾಂಟು. ಅವರದು ಒಂದು ಮೀಸೆ, ಇವರದು ಚುಕ್ಕಿಯಂಥ ಎರಡು ಮೀಸೆ. ಚಿತ್ರಗಳು ಓಡಿದವು, ದುಡ್ಡೂ ಬಂತು. ಆದರೆ ಒಂದು ದಿನ ಚಿತ್ರಮಂದಿರದಲ್ಲಿ ಕುಳಿತಿದ್ದಾಗ ಪಕ್ಕದ ಹುಡುಗನೊಬ್ಬ ಇವನು ಚಾಪ್ಲಿನ್ ಹಾಗೆ ಮಾಡಲು ಹೋಗುವವನು ಎಂದು ಗೆಳೆಯನಿಗೆ ಹೇಳಿದ್ದು ಅವರ ಕಿವಿಗೆ ಬಿತ್ತು. ಓಡುತ್ತಿದ್ದ ಪಾತ್ರವನ್ನು ಬಿಟ್ಟುಬಿಡಲು ಅವರು ನಿರ್ಧರಿಸಿದರು. ಆದಾಯ ಬರುತ್ತಿರುವ ಹೊತ್ತಿನಲ್ಲಿ ಹಾಗೆ ಬಿಡುವುದು ಸುಲಭವಲ್ಲ.

ಹೊಸ ಪಾತ್ರಕ್ಕೆ ದಾರಿ ತೋರಿಸಿದ್ದು ಅವರು ನೋಡಿದ ಒಂದು ಸಿನಿಮಾ. ಅದರಲ್ಲಿ ಕನ್ನಡಕ ಹಾಕಿದ ಸೌಮ್ಯ ಸ್ವಭಾವದ ಪಾದ್ರಿಯೊಬ್ಬ ಸಮಯ ಬಂದಾಗ ಗಟ್ಟಿಗನಾಗಿ ಹೊಡೆದಾಡುತ್ತಾನೆ. ನೋಡಲು ಮೆತ್ತಗೆ, ಒಳಗೆ ಗಟ್ಟಿ. ಈ ವಿರುದ್ಧ ಜೋಡಿ ಲಾಯ್ಡ್ ಅವರ ಮನಸ್ಸಿನಲ್ಲಿ ಕುಳಿತಿತು. 1917ರಲ್ಲಿ ಅವರು ಗಾಜಿಲ್ಲದ ದುಂಡು ಕನ್ನಡಕವೊಂದನ್ನು ಹಾಕಿಕೊಂಡರು. ಗಾಜು ಇದ್ದರೆ ದೀಪದ ಬೆಳಕು ಪ್ರತಿಫಲಿಸಿ ಕಣ್ಣು ಕಾಣುತ್ತಿರಲಿಲ್ಲ. ಉಳಿದಂತೆ ವಿಚಿತ್ರ ವೇಷವಿಲ್ಲ, ಅಂಟು ಮೀಸೆಯಿಲ್ಲ. ಪೇಟೆಯ ಬ್ಯಾಂಕಿನಲ್ಲೋ ಅಂಗಡಿಯಲ್ಲೋ ಕಾಣುವಂಥ ಸಾಮಾನ್ಯ ಯುವಕ, ಸಾಮಾನ್ಯ ಬಟ್ಟೆ. ಅಷ್ಟರವರೆಗೆ ಹಾಸ್ಯನಟ ಎಂದರೆ ನೋಡಿದ ಕೂಡಲೇ ನಗು ಬರಬೇಕು ಎಂಬ ನಂಬಿಕೆ ಇತ್ತು. ಲಾಯ್ಡ್ ಅವರನ್ನು ಕನ್ನಡಕ ತೆಗೆದರೆ ಬೀದಿಯಲ್ಲಿ ಯಾರೂ ಗುರುತಿಸುತ್ತಿರಲಿಲ್ಲ.

ಎರಡು ವರ್ಷದಲ್ಲಿ ಈ ಕನ್ನಡಕದ ಹುಡುಗ ಮನೆಮಾತಾದ. 1919ರಲ್ಲಿ ಇನ್ನೂ ದೊಡ್ಡ ಚಿತ್ರಗಳಿಗೆ ಒಪ್ಪಂದವಾಯಿತು. ಆಗ ಅವರಿಗೆ 26 ವರ್ಷ.

ಆ ವರ್ಷದ ಆಗಸ್ಟ್ 24, ಭಾನುವಾರ. ಲಾಸ್ ಏಂಜಲಿಸ್‌ನ ಫೋಟೋ ಸ್ಟುಡಿಯೋ ಒಂದರಲ್ಲಿ ಪ್ರಚಾರದ ಚಿತ್ರಗಳನ್ನು ತೆಗೆಯುತ್ತಿದ್ದರು. ದುಂಡನೆಯ ಕರಿ ಬಾಂಬಿನ ಉರಿಯುವ ಬತ್ತಿಯಿಂದ ಲಾಯ್ಡ್ ಸಿಗರೇಟು ಹಚ್ಚಿಕೊಳ್ಳುತ್ತಿರುವಂತೆ ನಟಿಸಬೇಕಿತ್ತು. ಬಾಂಬು ಆಟಿಕೆಯದು ಎಂದೇ ಎಲ್ಲರೂ ತಿಳಿದಿದ್ದರು. ಹೊಗೆ ಜಾಸ್ತಿಯಾಗಿ ಮುಖ ಮರೆಯಾಗುತ್ತದೆ ಎಂದು ಲಾಯ್ಡ್ ಕೈಯನ್ನು ಮುಖದಿಂದ ಸ್ವಲ್ಪ ಕೆಳಕ್ಕೆ ಇಳಿಸಿದರು. ಆ ಕ್ಷಣದಲ್ಲಿ ಅದು ಸಿಡಿಯಿತು. ಅದು ಆಟಿಕೆಯಾಗಿರಲಿಲ್ಲ. ಕೈ ಇಳಿಸದಿದ್ದರೆ ಜೀವ ಉಳಿಯುತ್ತಿರಲಿಲ್ಲ.

ಬಲಗೈಯ ಹೆಬ್ಬೆರಳು ಮತ್ತು ತೋರುಬೆರಳು ಹೋದವು. ಅಂಗೈಯ ಒಂದು ಭಾಗವೂ ಹೋಯಿತು. ಮುಖ ಸುಟ್ಟಿತ್ತು, ಕಣ್ಣು ಕಾಣುತ್ತಿರಲಿಲ್ಲ. ದೃಷ್ಟಿ ಮರಳುವುದು ಅನುಮಾನ ಎಂದು ವೈದ್ಯರು ಭಾವಿಸಿದ್ದರು. ಮುಖವೇ ಬಂಡವಾಳವಾದ ನಟ, ಕಣ್ಣಿಗೆ ಪಟ್ಟಿ ಕಟ್ಟಿಕೊಂಡು ಆಸ್ಪತ್ರೆಯಲ್ಲಿ ಮಲಗಿದ್ದರು. ಅಂಥ ಹೊತ್ತಿನಲ್ಲಿ ಮನಸ್ಸಿನೊಳಗೆ ಏನು ನಡೆಯುತ್ತದೆ ಎಂದು ಊಹಿಸುವುದಕ್ಕೆ ನಮಗೆ ಕಷ್ಟವೇನಿಲ್ಲ. ಪರೀಕ್ಷೆಯ ಫಲಿತಾಂಶದ ಹಿಂದಿನ ರಾತ್ರಿಯೇ ನಮಗೆ ನಿದ್ದೆ ಬರುವುದಿಲ್ಲ.

ದೃಷ್ಟಿ ಮರಳಿತು. ಮುಖದ ಗಾಯಗಳೂ ಅಚ್ಚರಿ ಎನ್ನುವಂತೆ ಮಾಸಿದವು. ಆದರೆ ಕೈ ಮಾತ್ರ ಹಾಗೆಯೇ ಉಳಿಯಿತು. ಲಾಯ್ಡ್ ಅವರ ಹಾಸ್ಯ ಓಡುವುದು, ಹತ್ತುವುದು, ಬೀಳುವುದು, ಹಿಡಿಯುವುದರಲ್ಲಿತ್ತು. ಇದಕ್ಕೆಲ್ಲ ಬೇಕಾದದ್ದು ಹೆಬ್ಬೆರಳು. ಚಿತ್ರ ನಿರ್ಮಾಪಕರಾಗುವ ಮುಂಚೆ ಕೈಗವಸಿನ ವ್ಯಾಪಾರದಲ್ಲಿದ್ದ ಸ್ಯಾಮ್ಯುಯೆಲ್ ಗೋಲ್ಡ್‌ವಿನ್ ಆಗ ನೆರವಿಗೆ ಬಂದರು. ಅವರ ಪರಿಚಯದ ಕುಶಲಕರ್ಮಿಗಳಿಂದ ಚರ್ಮದ ಬಣ್ಣದ ತೆಳ್ಳನೆಯ ಕೈಗವಸು ತಯಾರಾಯಿತು. ಅದರಲ್ಲಿ ಕೃತಕ ಹೆಬ್ಬೆರಳೂ ತೋರುಬೆರಳೂ ಇದ್ದವು. ದೂರದಿಂದ ನೋಡಿದರೆ ಪೂರ್ತಿ ಕೈ. ಆದರೆ ಆ ಬೆರಳುಗಳಿಂದ ಏನನ್ನೂ ಬಿಗಿಯಾಗಿ ಹಿಡಿಯಲಾಗುತ್ತಿರಲಿಲ್ಲ, ನೋಟಕ್ಕಷ್ಟೇ.

1920ರ ಆರಂಭದಲ್ಲಿ ಅವರು ಕ್ಯಾಮೆರಾ ಮುಂದೆ ಮರಳಿದರು. ಅಪಘಾತದಿಂದ ಅರ್ಧಕ್ಕೆ ನಿಂತಿದ್ದ 'ಹಾಂಟೆಡ್ ಸ್ಪೂಕ್ಸ್' ಎಂಬ ಭೂತದ ಮನೆಯ ಹಾಸ್ಯಚಿತ್ರವನ್ನು ಮುಗಿಸಿದರು. ಹಾಗಾಗಿ ಆ ಒಂದೇ ಚಿತ್ರದಲ್ಲಿ ಹತ್ತು ಬೆರಳಿನ ಲಾಯ್ಡ್ ಕೂಡ ಇದ್ದಾರೆ, ಎಂಟು ಬೆರಳಿನ ಲಾಯ್ಡ್ ಕೂಡ ಇದ್ದಾರೆ. ಯಾವುದು ಯಾವುದೆಂದು ಕಂಡುಹಿಡಿಯುವುದು ಕಷ್ಟ. ಅಪಘಾತದ ಸುದ್ದಿ ಪತ್ರಿಕೆಗಳಲ್ಲಿ ಬಂದದ್ದು ನಿಜ. ಆದರೆ ತಮ್ಮ ಕೈಯ ಸ್ಥಿತಿಯನ್ನು ಅವರು ಪ್ರಚಾರಕ್ಕೆ ಬಳಸಲಿಲ್ಲ. ಹೊರಗೆ ಹೋದಾಗ ಬಲಗೈ ಹೆಚ್ಚಾಗಿ ಜೇಬಿನಲ್ಲಿರುತ್ತಿತ್ತು. ಅಯ್ಯೋ ಪಾಪ ಎನ್ನುವ ಪ್ರೇಕ್ಷಕ ನಗುವುದಿಲ್ಲ ಎಂಬುದು ಅವರಿಗೆ ತಿಳಿದಿತ್ತು.

ಇಷ್ಟಾದ ಮೇಲೆ ಬಂದದ್ದು 'ಗ್ರ್ಯಾಂಡ್‌ಮಾಸ್ ಬಾಯ್'. ನಿರ್ದೇಶಕ ಫ್ರೆಡ್ ನ್ಯೂಮೇಯರ್. ಐದು ರೀಲು, ಸುಮಾರು ಒಂದು ಗಂಟೆಯ ಚಿತ್ರ. ಕಥೆಯನ್ನು ಸ್ವಲ್ಪ ವಿವರವಾಗಿಯೇ ಹೇಳುತ್ತೇನೆ.

ಸಣ್ಣ ಹಳ್ಳಿ. ಅಲ್ಲಿ ಅಜ್ಜಿಯ ಜೊತೆ ಬೆಳೆದ ಒಬ್ಬ ಹುಡುಗ. ಕೂಸಾಗಿದ್ದಾಗಲೇ ಹೆದರಿಕೆ, ಶಾಲೆಯಲ್ಲೂ ಹೆದರಿಕೆ, ಈಗ 19 ತುಂಬಿದರೂ ಅದೇ ಹೆದರಿಕೆ. ಅವನು ಇಷ್ಟಪಡುವ ಹುಡುಗಿಯ ಎದುರಿನಲ್ಲೇ ಊರಿನ ದಾಂಡಿಗನೊಬ್ಬ ಅವನನ್ನು ಬಾವಿಗೆ ತಳ್ಳುತ್ತಾನೆ. ಇದ್ದ ಒಂದೇ ಒಳ್ಳೆಯ ಸೂಟು ನೀರಿಗೆ ನೆನೆದು ಕುಗ್ಗಿಹೋಗುತ್ತದೆ. ಅಷ್ಟರಲ್ಲಿ ಊರೂರು ಸುತ್ತುವ ಒರಟ ಕಳ್ಳನೊಬ್ಬ ಮನೆಯಂಗಳಕ್ಕೆ ಬಂದು ಕೂರುತ್ತಾನೆ. ಅವನನ್ನು ಓಡಿಸು ಎಂದರೆ ಹುಡುಗ ನಡುಗುತ್ತಾನೆ. ಕೊನೆಗೆ ಅಜ್ಜಿಯೇ ಪೊರಕೆ ಹಿಡಿದು ಬಂದು ಆ ದಡಿಯನನ್ನು ಅಟ್ಟುತ್ತಾಳೆ. ಪೊರಕೆ ಹಿಡಿದ ಅಜ್ಜಿಯ ಮುಂದೆ ಯಾರೂ ನಿಲ್ಲುವುದಿಲ್ಲ, ಅದು ನೆಬ್ರಾಸ್ಕವಾದರೂ ಒಂದೇ ನಮ್ಮ ಊರಾದರೂ ಒಂದೇ. ಅಜ್ಜಿಯ ಪಾತ್ರ ಮಾಡಿದ ಆನಾ ಟೌನ್‌ಸೆಂಡ್ ಅವರ ಮುಖವನ್ನು ಒಮ್ಮೆ ನೋಡಿದರೆ ಮರೆಯಲಾಗದು.

ಸಂಜೆ ಹುಡುಗಿಯ ಮನೆಯಲ್ಲಿ ಕೂಟ. ಸೂಟು ಕುಗ್ಗಿದ್ದರಿಂದ ಪೆಟ್ಟಿಗೆಯಲ್ಲಿ ಮಡಿಸಿಟ್ಟಿದ್ದ ತಾತನ ಕಾಲದ ಸೂಟನ್ನು ಹಾಕಿಕೊಂಡು ಹೋಗುತ್ತಾನೆ. ಹೋಗಿ ನೋಡಿದರೆ ಆ ಮನೆಯ ಆಳು ಕೂಡ ಅಂಥದ್ದೇ ಉಡುಪಿನಲ್ಲಿ ನಿಂತಿದ್ದಾನೆ. ಅಜ್ಜಿ ಬೂಟಿಗೆ ಬಾತುಕೋಳಿಯ ಕೊಬ್ಬು ಸವರಿ ಹೊಳಪು ಕೊಟ್ಟಿದ್ದಾಳೆ, ಅದರ ವಾಸನೆಗೆ ಬೆಕ್ಕಿನ ಮರಿಗಳು ಬಂದು ಕಾಲು ನೆಕ್ಕತೊಡಗುತ್ತವೆ. ಸೂಟಿನ ಜೇಬಿನಲ್ಲಿದ್ದ ನುಸಿಗುಳಿಗೆ ಸಿಹಿ ತಿಂಡಿಯ ಜೊತೆ ಸೇರಿಕೊಂಡು ಇಬ್ಬರು ಪ್ರೇಮಿಗಳ ಬಾಯಿಗೂ ಹೋಗುತ್ತದೆ. ಹುಡುಗಿಯ ಎದುರು ಉಗುಳುವ ಹಾಗಿಲ್ಲ, ನುಂಗುವ ಹಾಗೂ ಇಲ್ಲ. ಇದನ್ನು ಬರೆದು ನಗಿಸಲಾಗದು, ನೋಡಿಯೇ ನಗಬೇಕು.

ನಗು ನಡೆಯುತ್ತಿರುವಾಗಲೇ ಊರಿನ ಪೊಲೀಸ್ ಅಧಿಕಾರಿ ಶೆರೀಫ್ ಬರುತ್ತಾನೆ. ಆ ಕಳ್ಳ ಅಂಗಡಿಗೆ ನುಗ್ಗಿ ದೊಡ್ಡ ಅಪರಾಧ ಮಾಡಿ ಓಡಿದ್ದಾನೆ, ಅವನನ್ನು ಹಿಡಿಯಲು ಊರಿನ ಗಂಡಸರೆಲ್ಲ ಹೊರಡಬೇಕು. ನಮ್ಮ ಹುಡುಗನ ಎದೆಗೂ ಬಿಲ್ಲೆ ಚುಚ್ಚುತ್ತಾರೆ. ಅವನು ಕತ್ತಲಲ್ಲಿ ನಾಲ್ಕು ಹೆಜ್ಜೆ ಇಡುತ್ತಾನೆ, ಮರದ ನೆರಳು ಕಂಡು ಬೆದರುತ್ತಾನೆ, ಓಡಿ ಮನೆ ಸೇರಿ ಹೊದಿಕೆಯೊಳಗೆ ಅಡಗುತ್ತಾನೆ. ಬೆಳಗ್ಗೆ ಅಜ್ಜಿಯ ಮುಂದೆ ತಾನೊಬ್ಬ ಹೇಡಿ ಎಂದು ಕಣ್ಣೀರು ಹಾಕುತ್ತಾನೆ. ಇಲ್ಲಿ ಲಾಯ್ಡ್ ನಗಿಸುವುದಿಲ್ಲ. ಹಾಸ್ಯಚಿತ್ರದ ನಡುವೆ ಹೀಗೆ ನಿಜವಾಗಿ ಅಳುವ ನಾಯಕ ಅಂದಿನ ಪ್ರೇಕ್ಷಕರಿಗೆ ಹೊಸಬ.

ಆಗ ಅಜ್ಜಿ ಒಂದು ಕಥೆ ಹೇಳುತ್ತಾಳೆ. ನಿನ್ನ ತಾತನೂ ಹೀಗೆಯೇ ಪುಕ್ಕಲನಾಗಿದ್ದರು. ಅಮೆರಿಕದ ಅಂತರ್ಯುದ್ಧದ ಕಾಲದಲ್ಲಿ ಮುದುಕಿಯೊಬ್ಬಳು ಅವರಿಗೆ ಒಂದು ತಾಯಿತದಂಥ ವಸ್ತು ಕೊಟ್ಟಳು. ಅದು ಕೈಯಲ್ಲಿರುವವರೆಗೆ ಯಾವ ಅಪಾಯವೂ ತಟ್ಟುವುದಿಲ್ಲ ಎಂದಳು. ಅದನ್ನು ಹಿಡಿದು ಅವರು ಶತ್ರು ಸೇನಾಧಿಕಾರಿಗಳ ನಡುವೆ ನುಗ್ಗಿ ವೀರನೆನಿಸಿದರು. ತಾತನ ಪಾತ್ರವನ್ನೂ ಲಾಯ್ಡ್ ಅವರೇ ಮಾಡಿದ್ದಾರೆ. ಕಥೆ ಮುಗಿಸಿ ಅಜ್ಜಿ ಪೆಟ್ಟಿಗೆಯಿಂದ ಆ ತಾಯಿತವನ್ನು ತೆಗೆದು ಮೊಮ್ಮಗನ ಕೈಗಿಡುತ್ತಾಳೆ.

ಮುಂದಿನದು ಮಿಂಚಿನ ಓಟ. ತಾಯಿತ ಹಿಡಿದ ಹುಡುಗ ಮನೆಯಿಂದ ಹೊರಬೀಳುತ್ತಾನೆ. ಊರಿನ ಗಂಡಸರೆಲ್ಲ ಹೆದರಿ ನಿಂತಿರುವ ಜಾಗಕ್ಕೆ ಒಬ್ಬನೇ ನುಗ್ಗುತ್ತಾನೆ, ಬೆನ್ನಟ್ಟಿ ಕಳ್ಳನನ್ನು ಹಿಡಿಯುತ್ತಾನೆ. ಬಾವಿಗೆ ತಳ್ಳಿದ್ದ ದಾಂಡಿಗನ ಜೊತೆ ಮುಖಾಮುಖಿ ಹೊಡೆದಾಟಕ್ಕೂ ನಿಲ್ಲುತ್ತಾನೆ. ಇದೆಲ್ಲದರ ನಡುವೆ ಅಜ್ಜಿ ಗುಟ್ಟು ಬಿಚ್ಚುತ್ತಾಳೆ. ತಾಯಿತ ಎಂಬುದೇ ಇಲ್ಲ. ತಾತನ ಕಥೆ ಅವಳು ಕಟ್ಟಿದ್ದು. ಅವನ ಮುಷ್ಟಿಯಲ್ಲಿದ್ದದ್ದು ಅವಳ ಹಳೆಯ ಕೊಡೆಯ ಹಿಡಿ.

ಈ ಕಥೆಯ ಬಗ್ಗೆ ಒಂದು ಮಾತು ಹೇಳಲೇಬೇಕು. ತಾತ ಹೋರಾಡಿದ್ದು ದಕ್ಷಿಣದ ರಾಜ್ಯಗಳ ಪರವಾಗಿ, ಅಂದರೆ ಗುಲಾಮಗಿರಿಯನ್ನು ಉಳಿಸಿಕೊಳ್ಳಲು ಬಯಸಿದ ಪಕ್ಷದಲ್ಲಿ. ಚಿತ್ರಕ್ಕೆ ಅದರ ಪರಿವೆಯೇ ಇಲ್ಲ, ಅದು ಬರಿಯ ವೀರಗಾಥೆಯಂತೆ ತೋರಿಸುತ್ತದೆ. ಅಂದಿನ ಅನೇಕ ಅಮೆರಿಕನ್ ಹಾಸ್ಯಚಿತ್ರಗಳಲ್ಲಿ, ಲಾಯ್ಡ್ ಅವರವೂ ಸೇರಿ, ಕಪ್ಪು ಜನರನ್ನು ಸುಮ್ಮನೆ ಗೇಲಿಗೆ ಬಳಸಿದ್ದಾರೆ. ಹೆದರುವವನನ್ನು ಊರು ಅವಮಾನಿಸುವುದು ತಪ್ಪು ಎಂದು ತೋರಿಸುವ ಚಿತ್ರಗಳೇ ಇನ್ನೊಬ್ಬರ ಅವಮಾನವನ್ನು ಗಮನಿಸದೆ ಹೋಗುವುದು ನೋಡುವಾಗ ಮುಳ್ಳಿನಂತೆ ಚುಚ್ಚುತ್ತದೆ.

ಚಿತ್ರ ತಯಾರಾದ ಬಗೆಯೂ ಕುತೂಹಲದ್ದು. ಲಾಯ್ಡ್ ಮೊದಲು ಎರಡು ರೀಲಿನ ಸಣ್ಣ ಚಿತ್ರ ಎಂದು ಆರಂಭಿಸಿದರು. ಹುಡುಗನ ಭಯ ಅವರನ್ನು ಹಿಡಿದಿಟ್ಟುಕೊಂಡಿತು, ಕಥೆ ಬೆಳೆಯುತ್ತಾ ಐದು ರೀಲಾಯಿತು. ಅವರಿಗೆ ಬೇಕಾಗಿದ್ದದ್ದು ಮನಮುಟ್ಟುವ ಕಥೆ. ಮೊದಲ ಪ್ರತಿಯನ್ನು ಪ್ರೇಕ್ಷಕರಿಗೆ ತೋರಿಸಿದಾಗ ನಗು ಕಡಿಮೆ ಬಂತು. ರೋಚ್ ಬಂದು, ನಾವು ನಗಿಸುವವರು, ಈ ಚಿತ್ರಕ್ಕೆ ನಗು ಸಾಲದು ಎಂದು ವಾದಿಸಿದರು. ಇಬ್ಬರಿಗೂ ಚರ್ಚೆ ನಡೆಯಿತು. ಕೊನೆಗೆ ಲಾಯ್ಡ್ ಒಪ್ಪಿ ಮತ್ತೆ ಚಿತ್ರೀಕರಣ ಮಾಡಿ ಹಾಸ್ಯ ಸನ್ನಿವೇಶಗಳನ್ನು ಸೇರಿಸಿದರು. ಆದರೆ ಹುಡುಗ ಅಳುವ ದೃಶ್ಯವನ್ನು ತೆಗೆಯಲಿಲ್ಲ. ನನ್ನ ದೃಷ್ಟಿಯಲ್ಲಿ ರೋಚ್ ಹೇಳಿದ್ದೂ ಸರಿ, ಲಾಯ್ಡ್ ಉಳಿಸಿಕೊಂಡದ್ದೂ ಸರಿ. ನಗು ಸೇರದಿದ್ದರೆ ಅದು ಉಪದೇಶವಾಗುತ್ತಿತ್ತು. ಆ ಅಳು ಇಲ್ಲದಿದ್ದರೆ ಹುಡುಗ ಯಾಕೆ ಓಡುತ್ತಾನೆ ಎಂಬುದು ನಮಗೆ ಮುಖ್ಯವಾಗುತ್ತಲೇ ಇರಲಿಲ್ಲ.

ಚಿತ್ರ ಭಾರೀ ಯಶಸ್ಸು ಕಂಡಿತು. ಚಾಪ್ಲಿನ್ ಅವರೂ ಅದನ್ನು ಮೆಚ್ಚಿದರು. ಒಂದು ಕಾಲಕ್ಕೆ ಅವರ ನಕಲು ಎನಿಸಿಕೊಂಡ ಲಾಯ್ಡ್‌ಗೆ ಇದಕ್ಕಿಂತ ದೊಡ್ಡ ಮಾನ ಯಾವುದು? ತಮ್ಮ ಎಲ್ಲ ಚಿತ್ರಗಳಲ್ಲಿ ಇದು ತಮಗೆ ಬಹಳ ಪ್ರಿಯವಾದದ್ದು ಎಂದು ಲಾಯ್ಡ್ ಕೊನೆಯವರೆಗೂ ಹೇಳುತ್ತಿದ್ದರು.

ಮರುವರ್ಷ, 1923ರಲ್ಲಿ, ಆ ಗಡಿಯಾರದ ಚಿತ್ರ 'ಸೇಫ್ಟಿ ಲಾಸ್ಟ್' ಬಂತು. ಅದರ ಬೀಜ ಬಿದ್ದದ್ದು ಬೀದಿಯಲ್ಲಿ. ಲಾಸ್ ಏಂಜಲಿಸ್‌ನ ಬ್ರಾಕ್‌ಮನ್ ಕಟ್ಟಡವನ್ನು ಬಿಲ್ ಸ್ಟ್ರಾದರ್ ಎಂಬಾತ ಬರಿಗೈಯಲ್ಲಿ ಹತ್ತುತ್ತಿದ್ದ. ಜನ ಕಿಕ್ಕಿರಿದು ನೋಡುತ್ತಿದ್ದರು. ಲಾಯ್ಡ್‌ಗೆ ನೋಡಿ ನಿಲ್ಲಲಾಗಲಿಲ್ಲ. ಎದೆ ಹೊಡೆದುಕೊಂಡು ರಸ್ತೆಯ ತಿರುವಿನಾಚೆ ಹೋದರು. ಆದರೆ ಕುತೂಹಲ ಬಿಡಲಿಲ್ಲ, ಮರೆಯಿಂದ ಇಣುಕಿ ಇಣುಕಿ ನೋಡಿದರು. ತನಗಾದ ಈ ಹೆದರಿಕೆಯೇ ಚಿತ್ರಮಂದಿರದಲ್ಲಿ ಕುಳಿತವರಿಗೂ ಆಗಬೇಕು ಎಂದು ಆಗಲೇ ನಿರ್ಧರಿಸಿದರು. ಸ್ಟ್ರಾದರ್ ಅವರನ್ನು ಕರೆದು ಚಿತ್ರದಲ್ಲಿ ನಾಯಕನ ಗೆಳೆಯನ ಪಾತ್ರವನ್ನೂ ಕೊಟ್ಟರು.

ಚಿತ್ರೀಕರಣ ಹೇಗೆ ನಡೆಯಿತು? ಬೇರೆ ಬೇರೆ ಎತ್ತರದ ನಿಜವಾದ ಕಟ್ಟಡಗಳ ತಾರಸಿಯ ಮೇಲೆ ಗೋಡೆಯ ಸೆಟ್ ಕಟ್ಟಿದರು. ಕ್ಯಾಮೆರಾ ಇಟ್ಟ ಕೋನದಿಂದ ನೋಡಿದರೆ ಕೆಳಗೆ ನಿಜವಾದ ಬೀದಿ ಕಾಣುತ್ತದೆ, ತಾರಸಿ ಕಾಣುವುದಿಲ್ಲ. ಸೆಟ್ಟಿನ ಕೆಳಗೆ ಹಾಸಿಗೆ ಹಾಕಿದ ಅಟ್ಟಣಿಗೆ ಇತ್ತು. ಆದರೆ ಅದರ ಅಂಚಿನಾಚೆ ಬಿದ್ದರೆ ನೇರ ಬೀದಿಯೇ. ಒಮ್ಮೆ ಪರೀಕ್ಷೆಗೆಂದು ಗೊಂಬೆಯೊಂದನ್ನು ಬೀಳಿಸಿ ನೋಡಿದರು. ಅದು ಹಾಸಿಗೆಗೆ ಬಡಿದು ಪುಟಿದು ಕೆಳಗಿನ ಬೀದಿಗೆ ಹೋಯಿತು ಎಂದು ಲಾಯ್ಡ್ ಹೇಳುತ್ತಿದ್ದರು. ಇಂಥ ಜಾಗದಲ್ಲಿ ಅವರು ಎಡಗೈಯ ಐದು ಬೆರಳು, ಬಲಗೈಯ ಮೂರು ಬೆರಳಿನ ಬಲದಲ್ಲಿ ನೇತಾಡಿದರು.

ದೂರದಿಂದ ತೆಗೆದ ಕೆಲವು ದೃಶ್ಯಗಳಲ್ಲಿ ಹತ್ತಿದವರು ಲಾಯ್ಡ್ ಅಲ್ಲ, ಸ್ಟ್ರಾದರ್ ಮತ್ತು ಬೇರೆ ಸಾಹಸಿಗರು. ಅವರ ಪಾಲು ಎಷ್ಟು ಎಂಬುದು ಹೊರಗೆ ಬಂದದ್ದು ಲಾಯ್ಡ್ ತೀರಿಕೊಂಡ ಮೇಲೆಯೇ. ಅವರು ಬದುಕಿದ್ದಾಗಲೇ ಆ ಸಾಹಸಿಗರ ಹೆಸರನ್ನು ಹೇಳಬಹುದಿತ್ತು ಎಂದು ನನಗೆ ಅನ್ನಿಸುತ್ತದೆ. ಹತ್ತಿರದಿಂದ ಮುಖ ಕಾಣುವಂತೆ ತೆಗೆದ ದೃಶ್ಯಗಳಲ್ಲಿ ಇರುವುದು ಮಾತ್ರ ಲಾಯ್ಡ್ ಅವರೇ.

ಅದೇ 1923ರ ಫೆಬ್ರವರಿಯಲ್ಲಿ, ಎರಡೂ ಚಿತ್ರಗಳಲ್ಲಿ ನಾಯಕಿಯಾಗಿದ್ದ ಮಿಲ್‌ಡ್ರೆಡ್ ಡೇವಿಸ್ ಅವರನ್ನು ಮದುವೆಯಾದರು. ಸ್ವಂತ ಕಂಪನಿ ಕಟ್ಟಿದರು. 1925ರ 'ದಿ ಫ್ರೆಶ್‌ಮನ್' ಅನ್ನು ಕಾಲೇಜಿಗೆ ಹೊಸದಾಗಿ ಸೇರಿದವರೆಲ್ಲ ನೋಡಬೇಕು. ಸಿನಿಮಾ ನೋಡಿ ಕಾಲೇಜು ಎಂದರೆ ಹೀಗಿರುತ್ತದೆ ಎಂದುಕೊಂಡು ಬಂದ ಹುಡುಗ, ಎಲ್ಲರ ಮೆಚ್ಚುಗೆ ಗಳಿಸಲು ಇದ್ದ ದುಡ್ಡನ್ನೆಲ್ಲ ಖರ್ಚು ಮಾಡುತ್ತಾನೆ. ಎಲ್ಲರೂ ತನ್ನನ್ನು ಹೊಗಳುತ್ತಿದ್ದಾರೆ ಎಂದು ಅವನು ತಿಳಿದಿರುತ್ತಾನೆ, ಅವರು ಹಿಂದಿನಿಂದ ನಗುತ್ತಿರುತ್ತಾರೆ. ಅದು ತಿಳಿದಾಗ ಅವನು ಮೊದಲು ನಗಲು ಪ್ರಯತ್ನಿಸಿ ಆಮೇಲೆ ಕುಸಿದು ಅಳುವ ದೃಶ್ಯ ಇದೆ. 1927ರ 'ದಿ ಕಿಡ್ ಬ್ರದರ್' ಮತ್ತೆ ಅದೇ ಹಾದಿಯದು. ದಪ್ಪ ಮೈಕಟ್ಟಿನ ಅಣ್ಣಂದಿರ ನಡುವೆ ಯಾರಿಗೂ ಬೇಡವಾದ ಕಿರಿಯ ಮಗ, ಊರಿನ ಅಣೆಕಟ್ಟೆಯ ಹಣ ಕದ್ದ ಆರೋಪ ತಂದೆಯ ಮೇಲೆ ಬಂದಾಗ, ಹಣವನ್ನು ಹುಡುಕಿ ತಂದು ಅವರ ಮಾನ ಉಳಿಸುತ್ತಾನೆ. ನೋಡಲು ಅತಿ ಸುಂದರವಾದ ಚಿತ್ರ ಇದೇ ಎಂದು ಅನೇಕರು ಹೇಳುತ್ತಾರೆ. ನನಗೆ ಅಜ್ಜಿಯ ಚಿತ್ರವೇ ಹೆಚ್ಚು.

ಮಾತಿನ ಸಿನಿಮಾ ಬಂದ ಮೇಲೆ ಲಾಯ್ಡ್ ಅವರ ಕಾಲ ಮೆಲ್ಲಗೆ ಇಳಿಯಿತು. 1929ರಲ್ಲಿ ಮೂಕಿಯಾಗಿ ತೆಗೆದಿದ್ದ 'ವೆಲ್‌ಕಮ್ ಡೇಂಜರ್' ಚಿತ್ರವನ್ನು ಮಾತು ಸೇರಿಸಿ ಮತ್ತೆ ತಯಾರಿಸಿದರು. ಕೆಲವು ಚಿತ್ರಗಳು ಓಡಿದವು. ಆದರೆ 1930ರ ದಶಕದ ಆರ್ಥಿಕ ಕುಸಿತದಲ್ಲಿ ಕೆಲಸವಿಲ್ಲದೆ ಸಾಲು ನಿಂತ ಜನರಿಗೆ, ಪ್ರಯತ್ನಪಟ್ಟರೆ ಮೇಲೆ ಏರಬಹುದು ಎನ್ನುವ ಈ ಹುಡುಗ ಮೊದಲಿನಷ್ಟು ಹತ್ತಿರದವನಾಗಿ ಕಾಣಲಿಲ್ಲ. 1947ರಲ್ಲಿ ತೆರೆಕಂಡದ್ದು ಅವರ ಕೊನೆಯ ಚಿತ್ರ.

ಚಿತ್ರ ನಿಂತ ಮೇಲಿನ ಕೆಲಸದ ಬಗ್ಗೆ ಹೆಚ್ಚು ಜನ ಬರೆಯುವುದಿಲ್ಲ. ಶ್ರೈನರ್ಸ್ ಎಂಬ ಸಂಘ ಕೈಕಾಲಿನ ತೊಂದರೆ ಇರುವ ಮಕ್ಕಳಿಗಾಗಿ ಅಮೆರಿಕದಲ್ಲಿ ಆಸ್ಪತ್ರೆಗಳನ್ನು ನಡೆಸುತ್ತಿತ್ತು. ಲಾಯ್ಡ್ 1949ರಲ್ಲಿ ಅದರ ಅತ್ಯುನ್ನತ ಹುದ್ದೆಗೆ ಆಯ್ಕೆಯಾದರು, ಆ ಆಸ್ಪತ್ರೆಗಳಿಗಾಗಿ ವರ್ಷಗಟ್ಟಲೆ ದುಡಿದರು. 1953ರಲ್ಲಿ ಅವರಿಗೆ ಗೌರವ ಆಸ್ಕರ್ ಪ್ರಶಸ್ತಿ ಬಂತು. ಹಾಸ್ಯದಲ್ಲಿ ಪಳಗಿದವರು ಎಂದಷ್ಟೇ ಅಲ್ಲ, ಒಳ್ಳೆಯ ನಾಗರಿಕ ಎಂದೂ ಅದರಲ್ಲಿ ಗುರುತಿಸಲಾಗಿತ್ತು.

ಹಳೆಯ ಚಿತ್ರಗಳ ಹಕ್ಕನ್ನು ಅವರು ಬೇರೆಯವರಿಗೆ ಬಿಟ್ಟುಕೊಡದೆ ತಮ್ಮ ಬಳಿಯೇ ಇಟ್ಟುಕೊಂಡಿದ್ದರು. ಆಗಿನ ಫಿಲ್ಮು ನೈಟ್ರೇಟಿನದು, ಬಹಳ ಬೇಗ ಬೆಂಕಿ ಹಿಡಿಯುವಂಥದ್ದು. 1943ರಲ್ಲಿ ಮನೆಯ ಉಗ್ರಾಣಕ್ಕೆ ಬೆಂಕಿ ಬಿದ್ದು ಅನೇಕ ಕಿರುಚಿತ್ರಗಳು ಸುಟ್ಟುಹೋದವು. ದೊಡ್ಡ ಚಿತ್ರಗಳು ಉಳಿದವು. ಆದರೆ ಅವುಗಳನ್ನು ದಶಕಗಟ್ಟಲೆ ಸುಲಭವಾಗಿ ಯಾರಿಗೂ ತೋರಿಸದ ಕಾರಣ ಒಂದು ಇಡೀ ತಲೆಮಾರು ಅವರನ್ನು ಮರೆಯಿತು. ಚಾಪ್ಲಿನ್ ಹೆಸರು ನಮಗೆ ಗೊತ್ತಿದ್ದು ಲಾಯ್ಡ್ ಹೆಸರು ಗೊತ್ತಿಲ್ಲದಿರುವುದಕ್ಕೆ ಇದೂ ಒಂದು ಕಾರಣ.

1971ರ ಮಾರ್ಚ್ 8ರಂದು, 77ನೆಯ ವಯಸ್ಸಿನಲ್ಲಿ, ಕ್ಯಾನ್ಸರಿನಿಂದ ಅವರು ತೀರಿಕೊಂಡರು. ಚಿತ್ರಗಳನ್ನು ಕಾಪಾಡುವ ಹೊಣೆ ಅವರ ಮನೆಯಲ್ಲೇ ಬೆಳೆದ ಮೊಮ್ಮಗಳಿಗೆ ಬಂತು. ಸುಸ್ಥಿತಿಗೆ ತಂದ ಪ್ರತಿಗಳು ಈಗ ಪ್ರಪಂಚದಾದ್ಯಂತ ನೋಡಲು ಸಿಗುತ್ತವೆ. 'ಗ್ರ್ಯಾಂಡ್‌ಮಾಸ್ ಬಾಯ್' ಚಿತ್ರದ ಹಕ್ಕುಸ್ವಾಮ್ಯದ ಅವಧಿ ಅಮೆರಿಕದಲ್ಲಿ ಎಂದೋ ಮುಗಿದಿದೆ. ಒಂದು ಗಂಟೆಯ ಚಿತ್ರ, ಮಾತಿಲ್ಲದ್ದರಿಂದ ಇಂಗ್ಲಿಷಿನ ಭಯವೂ ಇಲ್ಲ. ನಡುನಡುವೆ ಬರುವ ಬರಹದ ಫಲಕಗಳು ಬಹಳ ಸರಳ. ನೋಡುವಾಗ ಹುಡುಗ ಆ ಕೊಡೆಯ ಹಿಡಿಯನ್ನು ಬಿಗಿಯಾಗಿ ಹಿಡಿದು ಓಡುವ ಕಡೆ, ಅವನ ಬಲಗೈಯನ್ನು ಒಮ್ಮೆ ಗಮನಿಸಿ.